ಸೋಮವಾರದ ಉಗುರು

ಕೌಲ್ ಬಜಾರಿನ ನಮ್ಮ ಶಾಲೆಯಲ್ಲಿ
ಸೋಮವಾರ ಪ್ರಾರ್ಥನೆ ಮುಗಿದದ್ದೇ
ನಲವತ್ತೊಂದು ಜೊತೆ ಕೈ ಚಾಚಿಕೊಳ್ಳುತ್ತವೆ,
ಹೆಂಚಿನ ಮೇಲಿನ ರೊಟ್ಟಿಯಂತೆ
ಒಮ್ಮೆ ಅಂಗಾತ, ಒಮ್ಮೆ ಬೋರಲು.
ನನ್ನ ಕೈಯಲ್ಲಿ ಮರದ ಸ್ಕೇಲು.
ಹೊಡೆಯಲಿಕ್ಕಲ್ಲ, ತೋರಿಸಲಿಕ್ಕೆ
ಎನ್ನುತ್ತೇನೆ. ಅವರು ನಂಬುವುದಿಲ್ಲ.

ಪಂಪಾಪತಿಯ ಉಗುರಿನಲ್ಲಿ
ನಿನ್ನೆ ಗೋಲಿಯಾಡಿದ ಗಲ್ಲಿ ಇಡಿಯಾಗಿ ಇದೆ.
ಮುಬೀನಾಳ ಹಬ್ಬದ ಗೋರಂಟಿ
ಉಗುರಿನ ತುದಿಗೆ ಸರಿದು ಕಿತ್ತಳೆ ಚಂದ್ರನಾಗಿದೆ,
ಅದಕ್ಕೆ ಮಾಫಿ.
ಎರ್ರಿಸ್ವಾಮಿ ಸಾಲಿನಲ್ಲಿ ನಿಂತೇ
ಹಲ್ಲಿನಿಂದ ಕತ್ತರಿಸಿ ಮುಗಿಸಿದ್ದಾನೆ.
ನುಂಗಿದೆಯೇನೋ ಅಂದರೆ
ಬಾಯಿ ಅಗಲಿಸಿ ಕಿರುನಾಲಿಗೆ ತೋರಿಸುತ್ತಾನೆ.

ಆಮೇಲೆ ವನ್ನೂರಮ್ಮ.
ಹತ್ತೂ ಉಗುರು ನೀಲಿ.
ಗೆಣ್ಣುಗಳ ಗೆರೆಯೂ ನೀಲಿ,
ಯಾರೋ ನಕಾಶೆಯಲ್ಲಿ ನದಿಗಳನ್ನಷ್ಟೇ ಬರೆದು
ಸಮುದ್ರ ಬರೆಯದೆ ಎದ್ದುಹೋದಂತೆ.
'ತೊಳ್ಕೊಂಡು ಬಾ' ಅಂದೆ.

ನಲ್ಲಿಯೆಂದರೆ ಡ್ರಮ್ಮಿಗೆ ಕೂರಿಸಿದ ನಲ್ಲಿ.
ನೀರು ಬರುವುದು ಎಂಟು ದಿನಕ್ಕೊಮ್ಮೆ,
ಅದೂ ಬಂದರೆ.
ಪಕ್ಕದಲ್ಲಿ ಹಳೆಯ ಕಾಲುಚೀಲದೊಳಗೆ ತೂಗುವ ಕೆಂಪು ಸೋಪು.
ಬಿಡಿ ಇಟ್ಟರೆ ಕಾಗೆ ಬಿಡುವುದಿಲ್ಲ.
ಜೂನ್‌ನಿಂದ ಮೂರು ಒಯ್ದಿದೆ,
ಬೇವಿನ ಮರದಲ್ಲೆಲ್ಲೋ ಒಂದು ಗೂಡು
ಘಮಘಮ ಎನ್ನುತ್ತಿರಬೇಕು.
ನಾನು ಕಲಿಸಿದ್ದು ಹೀಗೆ:
ಕೈ ಒದ್ದೆ ಮಾಡು, ನಲ್ಲಿ ಕಟ್ಟು,
ಎರಡರ ಮಗ್ಗಿ ಮುಗಿಯುವ ತನಕ ಉಜ್ಜು,
ಆಮೇಲೆ ಮತ್ತೆ ನಲ್ಲಿ.

ಎರಡರದು ಹೇಳಿ ಬಂದಳು. ನೀಲಿ.
ಮೂರರದು ಹೇಳಿ ಬಂದಳು. ನೀಲಿ.
ನಾಲ್ಕರ ಮಗ್ಗಿ ಅವಳಿಗೆ ಬರುವುದಿಲ್ಲ,
ಇಟ್ಟಿಗೆ ಚೂರಿನಿಂದ ತಿಕ್ಕಿಕೊಂಡು ಬಂದಳು.
ನೀಲಿಯ ಪಕ್ಕದಲ್ಲಿ ಸಣ್ಣದೊಂದು ಕೆಂಪು ಗೆರೆ.

'ಇದು ಹೊಲಸಲ್ರೀ ಟೀಚರ್.
ಪ್ಯಾಂಟು.'

ಅವ್ವ ಗಂಟು ಕಟ್ಟಿ ಮನೆಗೆ ತರುತ್ತಾಳಂತೆ
ಹೊಲಿಗೆ ಮುಗಿದ, ಇನ್ನೂ ನೀರು ಕಾಣದ ಜೀನ್ಸು.
ರಾತ್ರಿ ಬಲ್ಬಿನ ಕೆಳಗೆ ಕೂತು
ಜೇಬಿನ ಮೂಲೆ, ಬೆಲ್ಟಿನ ಕುಣಿಕೆ,
ಉಳಿದ ದಾರ ಹುಡುಕಿ ಕತ್ತರಿಸಬೇಕು,
ಪ್ಯಾಂಟಿಗೆ ಇಷ್ಟು ಅಂತ.
ಆ ಲೆಕ್ಕ ಅವಳಿಗೆ
ನಾಲ್ಕರ ಮಗ್ಗಿಯಿಲ್ಲದೆಯೂ ಬರುತ್ತದೆ.

ರಿಜಿಸ್ಟರಿನಲ್ಲಿ ಎರಡೇ ಕಾಲಂ:
ಸ್ವಚ್ಛ. ಅಸ್ವಚ್ಛ.
ಪೆನ್ನು ಹಿಡಿದು ನಿಂತೆ.
ನನ್ನ ತೋರುಬೆರಳಿಗೆ ಶಾಯಿ ಮೆತ್ತಿತ್ತು,
ನನ್ನ ಕೈ ನೋಡುವ ಸೋಮವಾರ
ಯಾವ ಕ್ಯಾಲೆಂಡರಿನಲ್ಲೂ ಇಲ್ಲ.

ಮಧ್ಯಾಹ್ನ, ಅನ್ನದ ಡಬರಿ ಇಳಿಯುವ ಹೊತ್ತಿಗೆ
ಅವಳನ್ನೇ ನಲ್ಲಿಯ ಬಳಿ ನಿಲ್ಲಿಸಿ
ಇವತ್ತು ನೀನು ಕಲಿಸು ಅಂದೆ.
ಅಡುಗೆಯ ಹುಲಿಗೆಮ್ಮನಿಂದ
ಒಂದು ಹನಿ ಶೇಂಗಾ ಎಣ್ಣೆ ಬೇಡಿ ತಂದಳು.
ಮೊದಲು ಎಣ್ಣೆ, ಆಮೇಲೆ ಸೋಪು.
'ಹೆಬ್ಬೆಟ್ಟು ಮರೀತಾರ್ರೀ ಎಲ್ಲಾರೂ.
ಕತ್ತರಿ ಹಿಡಿಯೋದು ಅದಾ,
ತುತ್ತು ದಬ್ಬೋದೂ ಅದಾ.'
ಹೆಬ್ಬೆರಳನ್ನು ಇನ್ನೊಂದು ಮುಷ್ಟಿಯಲ್ಲಿ ಹಿಡಿದು
ಶೀಷೆಯ ಮುಚ್ಚಳದಂತೆ ತಿರುವಿದಳು.
ಉಗುರಿನ ತುದಿ ಅಂಗೈಗೆ ಗೀರಿದಳು, ಬೆಕ್ಕಿನ ಹಾಗೆ.
ಎರ್ರಿಸ್ವಾಮಿ ಮಿಯಾಂವ್ ಅಂದ.
ಸಾಲಿಗೆ ಸಾಲೇ ಮಿಯಾಂವ್.
ಒಂದು ವರ್ಷ ಚಾರ್ಟು ತೋರಿಸಿದ್ದೇನೆ,
ಒಬ್ಬರೂ ಹೆಬ್ಬೆರಳು ಮುಟ್ಟಿರಲಿಲ್ಲ.

ನೀಲಿ ಹಾಗೇ ಇತ್ತು.
ಬಗ್ಗಿ ಅವಳ ಎರಡೂ ಕೈ ಮೂಸಿದೆ,
ಸೋಪು, ಅದರಡಿಯಲ್ಲಿ ಶೇಂಗಾ.
'ಹೋಗು, ಉಣ್ಣು.'
ಅವಳವ್ವನನ್ನು ಕಂಡು ಮಾತಾಡಬೇಕು.
ಏನು ಮಾತಾಡಬೇಕು ಎಂಬುದು
ಇನ್ನೂ ಬಾಯಿಗೆ ಬಂದಿಲ್ಲ.

ಅಷ್ಟರಲ್ಲಿ ಹರಿದ ಕಾಲುಚೀಲದಿಂದ ಸೋಪು ಜಾರಿ,
ಕಾಗೆ ಇಳಿದು, ಪಂಪಾಪತಿ ಹೋ ಎಂದು ಕೂಗಿ,
ಸೋಪು ಚರಂಡಿಯ ಅಂಚಿಗೆ ಬಿತ್ತು.
ಮೈತುಂಬ ಮಣ್ಣು, ಕೊಕ್ಕಿನ ಎರಡು ಗುರುತು.
ನಲವತ್ತೊಂದು ಮಂದಿ ಸುತ್ತ ನಿಂತರು.
ವನ್ನೂರಮ್ಮ ಎರಡು ನೀಲಿ ಬೆರಳಲ್ಲಿ ಎತ್ತಿ
ನನ್ನ ಮುಖದ ಹತ್ತಿರ ಹಿಡಿದಳು:

'ಸೋಪನ್ನ ಯಾತರಿಂದ ತೊಳೀಬೇಕ್ರೀ, ಟೀಚರ್?'